ಗೋಡೆ ಮೇಲಿನ ಟಿವಿಯನ್ನು ಒಬ್ಬರೇ ಇಳಿಸಿ ಸಾಗಿಸುವುದು ಹೇಗೆ?

ಮನೆ ಬದಲಿಸುವ ಓದುಗರು ಮತ್ತೆ ಮತ್ತೆ ಕೇಳುವ ಪ್ರಶ್ನೆ ಇದು. "ಬೇರೆ ಸಾಮಾನೆಲ್ಲ ಹೇಗೋ ಸಾಗಿಸ್ತೀನಿ. ಈ ಟಿವಿ ಒಂದನ್ನ ಏನು ಮಾಡ್ಲಿ? ಕೈ ಹಾಕೋಕೆ ಇನ್ನೊಬ್ಬರಿಲ್ಲ." ಕೇಳುವವರಲ್ಲಿ ಪಿಜಿ ಬಿಟ್ಟು ಸಣ್ಣ ಬಾಡಿಗೆ ಮನೆಗೆ ಹೋಗುವ ಹುಡುಗ ಹುಡುಗಿಯರಿದ್ದಾರೆ, ಮಕ್ಕಳು ದೂರದ ಊರಲ್ಲಿರುವ ಹಿರಿಯರೂ ಇದ್ದಾರೆ. ಎಲ್ಲರಿಗೂ ಸೇರಿಸಿ ಒಂದೇ ಕಡೆ ಬರೆಯುತ್ತಿದ್ದೇನೆ.

ಹಳೇ ಡಬ್ಬಾ ಟಿವಿ ಸೊಂಟ ಹಿಡಿಸುವಷ್ಟು ಭಾರ ಇತ್ತು, ಆದರೆ ಗಟ್ಟಿ ಇತ್ತು. ಈಗಿನ ಟಿವಿ ಉಲ್ಟಾ. ಹಗುರ, ಆದರೆ ಹಪ್ಪಳ. ಅದು ಬಿದ್ದು ಒಡೆಯುವುದಕ್ಕಿಂತ ಒತ್ತಿದ್ದಕ್ಕೆ, ತಿರುಚಿದ್ದಕ್ಕೆ ಹಾಳಾಗುವುದೇ ಜಾಸ್ತಿ ಅಂತ ನನ್ನ ಅನುಭವ. ಹಾಗಾಗಿ ಒಬ್ಬರೇ ಇರುವವರು ಟಿವಿಯನ್ನು ಹೊತ್ತು ನಡೆಯುವ ಯೋಚನೆ ಬಿಡಬೇಕು. ಕೂರಿಸುತ್ತಾ ಕೂರಿಸುತ್ತಾ ಸಾಗಿಸಬೇಕು. ಎತ್ತುವ ಮೊದಲೇ ಅದು ಮುಂದೆ ಕೂರುವ ಜಾಗ ಸಿದ್ಧವಾಗಿರಬೇಕು. ಕೆಳಗಿನ ಎಲ್ಲ ಹಂತಗಳೂ ಈ ಒಂದು ಮಾತಿನ ಮೇಲೆಯೇ ನಿಂತಿವೆ.

ಪರದೆಯ ಒಳಗೆ ಏನಿದೆ?

ಎರಡೇ ನಿಮಿಷ ಇದನ್ನು ಓದಿಬಿಡಿ. ಆಮೇಲೆ ಎಲ್ಲಿ ಹಿಡಿಯಬೇಕು, ಎಲ್ಲಿ ಹಿಡಿಯಬಾರದು ಅನ್ನುವುದು ನಿಮಗೇ ಹೊಳೆಯುತ್ತದೆ.

ಸಾಮಾನ್ಯ ಎಲ್‌ಇಡಿ ಟಿವಿಯ ಮುಂಭಾಗಕ್ಕೆ 'ಪ್ಯಾನೆಲ್' ಅಂತಾರೆ. ಅದು ಒಂದು ಮಿಲಿಮೀಟರಿಗಿಂತ ತೆಳುವಾದ ಎರಡು ಗಾಜಿನ ಹಾಳೆಗಳ ಜೋಡಿ. ನಡುವೆ ಲಿಕ್ವಿಡ್ ಕ್ರಿಸ್ಟಲ್ ಅನ್ನುವ ದ್ರವದ ಪದರ. ಅದರ ಹಿಂದೆ ಬೆಳಕು ಹರಡುವ ಪ್ಲಾಸ್ಟಿಕ್ ಹಾಳೆಗಳು, ಇನ್ನೂ ಹಿಂದೆ 'ಬ್ಯಾಕ್‌ಲೈಟ್', ಅಂದರೆ ಸಣ್ಣ ಸಣ್ಣ ಎಲ್‌ಇಡಿ ದೀಪಗಳ ಪಟ್ಟಿ. ಗಾಜಿಗೆ ಆಧಾರ ಇರುವುದು ಸುತ್ತಲಿನ ಅಂಚಿನಲ್ಲಿ ಮಾತ್ರ. ನಡುವೆ ಅದನ್ನು ಹಿಡಿದುಕೊಳ್ಳುವಂಥದ್ದು ಏನೂ ಇಲ್ಲ. ನಿಲ್ಲಿಸಿದಾಗ ಅದರ ಭಾರ ಅದರ ಕೆಳ ಅಂಚಿನ ಮೇಲೇ ಕೂರುತ್ತದೆ. ಮಲಗಿಸಿದಿರೋ, ನಡುಭಾಗ ಜೋಲುತ್ತದೆ. ಆ ಸ್ಥಿತಿಯಲ್ಲಿ ಗಾಡಿ ಒಂದು ಹಂಪ್ ಹಾರಿದರೆ ಸಾಕು.

ಇನ್ನೊಂದು ಸೂಕ್ಷ್ಮ ಜಾಗ ಚೌಕಟ್ಟಿನ ಒಳಗಿದೆ. ಗಾಜಿನ ಒಂದು ಅಂಚಿಗೆ ತೆಳ್ಳನೆಯ ರಿಬ್ಬನ್ ತಂತಿಗಳನ್ನು ಅಂಟಿಸಿರುತ್ತಾರೆ. ಕೆಲವು ಮಾಡೆಲ್‌ಗಳಲ್ಲಿ ಅದು ಕೆಳಗಿರುತ್ತದೆ, ಕೆಲವದರಲ್ಲಿ ಮೇಲೆ. ಚಿತ್ರದ ಸಿಗ್ನಲ್ ಪರದೆಗೆ ಹೋಗುವುದು ಇವುಗಳ ಮೂಲಕವೇ. ಚೌಕಟ್ಟನ್ನು ಹೆಬ್ಬೆರಳಿನಿಂದ ಹಿಂಡಿದರೆ ಈ ಅಂಟು ಬಿಡುತ್ತದೆ. ಗಾಜು ಒಡೆದಿರುವುದಿಲ್ಲ, ಒಂದು ಗೀರೂ ಕಾಣುವುದಿಲ್ಲ. ಆದರೆ ಆನ್ ಮಾಡಿದರೆ ಪರದೆ ಮೇಲೆ ಮೇಲಿಂದ ಕೆಳಗೆ ಒಂದು ಗೆರೆ. ನನ್ನ ಮೊದಲ ಟಿವಿಯನ್ನು ನಾನು ಹೀಗೇ ಕೊಂದೆ. ಬಿಗಿಯಾಗಿ ಹಿಡಿದರೆ ಕ್ಷೇಮ ಅಂದುಕೊಂಡಿದ್ದೆ, ಆ ಬಿಗಿಯೇ ಮುಳುವಾಯಿತು.

ಪ್ಯಾನೆಲ್ ಹೋದರೆ ಅದನ್ನು ಬದಲಿಸುವ ಖರ್ಚು ಎಷ್ಟೋ ಸಲ ಹೊಸ ಟಿವಿಯ ಬೆಲೆಯ ಹತ್ತಿರಕ್ಕೇ ಬರುತ್ತದೆ. ಕೈತಪ್ಪಿನಿಂದ ಒಡೆದದ್ದಕ್ಕೆ ವಾರಂಟಿಯೂ ಸಿಗುವುದಿಲ್ಲ.

ಹಂತ 1: ನಿಮ್ಮ ಟಿವಿ ಒಬ್ಬರೇ ಸಾಗಿಸುವಂಥದ್ದೇ?

ಅಳೆದು ನೋಡಿ. ಟಿವಿಯ ಇಂಚು ಅಂದರೆ ಪರದೆಯ ಒಂದು ಮೂಲೆಯಿಂದ ಎದುರು ಮೂಲೆಗೆ ಇರುವ ಅಳತೆ. ನಮಗೆ ಬೇಕಾದದ್ದು ಅಗಲ. 32 ಇಂಚಿನ ಟಿವಿ ಸುಮಾರು 72 ಸೆಂಟಿಮೀಟರ್ ಅಗಲ ಇರುತ್ತದೆ, 43 ಇಂಚಿನದು 96, 55 ಇಂಚಿನದು 123, 65 ಇಂಚಿನದು 145. ತೂಕ ಮಾಡೆಲ್ ಮೇಲೆ ಹೋಗುತ್ತದೆ. ಅಂದಾಜಿಗೆ, 32 ಇಂಚಿನದು ನಾಲ್ಕೈದು ಕೆಜಿ, 43 ಇಂಚಿನದು ಏಳರಿಂದ ಹತ್ತು, 55 ಇಂಚಿನದು ಹದಿನೈದರ ಆಚೀಚೆ, 65 ಇಂಚಿನದು ಇಪ್ಪತ್ತು ದಾಟುತ್ತದೆ. ನಿಮ್ಮದರ ಸರಿಯಾದ ಲೆಕ್ಕ ಟಿವಿ ಜೊತೆ ಬಂದ ಪುಸ್ತಕದಲ್ಲಿ ಇರುತ್ತದೆ.

ನೋಡಿ, ಹದಿನೈದು ಕೆಜಿ ದೊಡ್ಡ ಭಾರವೇನಲ್ಲ. ತುಂಬಿದ ಗ್ಯಾಸ್ ಸಿಲಿಂಡರಿನ ಅರ್ಧ ಅಷ್ಟೇ. ಕಷ್ಟ ಇರುವುದು ಅಗಲದಲ್ಲಿ. ಒಂದು ಸುಲಭದ ಪರೀಕ್ಷೆ ಹೇಳುತ್ತೇನೆ. ಟಿವಿ ಎದುರು ನಿಂತು, ಅದನ್ನು ಮುಟ್ಟದೆ, ಎರಡೂ ಕೈ ಚಾಚಿ ಎರಡೂ ಪಕ್ಕಗಳ ಅಳತೆ ಹಿಡಿಯಿರಿ. ಮೊಣಕೈ ಸ್ವಲ್ಪ ಮಡಚಿಕೊಂಡೇ ಕೈ ಸಿಗುತ್ತದೆಯೇ? ಹಾಗಾದರೆ ಒಬ್ಬರೇ ಎತ್ತಬಹುದು. ಕೈ ಪೂರ್ತಿ ಚಾಚಬೇಕಾಯಿತೇ? ಹಾಗಾದರೆ ಬೇಡ, ನಿಮ್ಮ ಶಕ್ತಿ ಎಷ್ಟೇ ಇರಲಿ.

ನನ್ನ ಲೆಕ್ಕ ಹೀಗೆ: 43 ಇಂಚಿನವರೆಗೆ ಗೋಡೆಯಿಂದ ಇಳಿಸುವುದು, ಪ್ಯಾಕ್ ಮಾಡುವುದು ಎರಡನ್ನೂ ಒಬ್ಬರೇ ಮಾಡಬಹುದು. 50, 55 ಇಂಚಿನದು ಸ್ಟ್ಯಾಂಡ್ ಮೇಲಿದ್ದರೆ ಒಬ್ಬರೇ ಪ್ಯಾಕ್ ಮಾಡಿ ನೆಲದ ಮೇಲೆ ಜಾರಿಸಬಹುದು. ಆದರೆ ಗೋಡೆಯಿಂದ ಇಳಿಸುವ ಒಂದೈದು ನಿಮಿಷಕ್ಕೆ ಪಕ್ಕದ ಮನೆಯವರನ್ನೋ ವಾಚ್‌ಮನ್ ಅಣ್ಣನನ್ನೋ ಕರೆಯಲೇಬೇಕು. 65 ಇಂಚು ಮತ್ತು ಅದಕ್ಕಿಂತ ದೊಡ್ಡದಾದರೆ ಈ ಲೇಖನ ನಿಮಗಲ್ಲ, ಇಬ್ಬರು ಬೇಕೇ ಬೇಕು. ಓಎಲ್‌ಇಡಿ ಟಿವಿ, ಅಂದರೆ ಹಿಂದೆ ದೀಪದ ಪಟ್ಟಿ ಇಲ್ಲದೆ ಪರದೆಯೇ ಬೆಳಗುವ ತೀರಾ ತೆಳು ಟಿವಿ ಇದ್ದರೆ, ಅಳತೆ ಚಿಕ್ಕದಾದರೂ ಒಬ್ಬರೇ ಕೈ ಹಾಕಬೇಡಿ.

ಹಂತ 2: ಸಾಮಾನು ಕೂಡಿಸಿಕೊಳ್ಳಿ

ಮೊದಲು ಅಟ್ಟ ಹತ್ತಿ ನೋಡಿ, ಟಿವಿ ಬಂದ ಡಬ್ಬ ಇದೆಯೇ ಅಂತ. ಡಬ್ಬ, ಅದರ ಒಳಗಿನ ಥರ್ಮಾಕೋಲ್ ಎರಡೂ ಸಿಕ್ಕರೆ ಅರ್ಧ ಕೆಲಸ ಮುಗಿದಂತೆ. ಅದಿಲ್ಲದಿದ್ದರೆ ಬೇಕಾಗುವುದು ಇಷ್ಟು: ಸ್ಟಾರ್ ಸ್ಕ್ರೂಡ್ರೈವರ್, ಅಳತೆ ಟೇಪು, ಮೆತ್ತನೆಯ ಹಳೇ ಕಾಟನ್ ಬೆಡ್‌ಶೀಟು, ಎರಡು ದಪ್ಪ ರಗ್ಗು, ದೊಡ್ಡ ರಟ್ಟಿನ ಡಬ್ಬ ಎರಡು, ಥರ್ಮಾಕೋಲ್ ತುಂಡುಗಳು, ಕಂದು ಟೇಪು, ಒಂದು ಮಾರ್ಕರ್ ಪೆನ್ನು, ಸ್ಕ್ರೂ ಹಾಕಿಡಲು ಒಂದು ಜಿಪ್ ಕವರ್. ರಟ್ಟಿನ ಡಬ್ಬಕ್ಕೆ ದುಡ್ಡು ಕೊಡಬೇಕಿಲ್ಲ. ಫ್ರಿಜ್, ವಾಷಿಂಗ್ ಮಷೀನ್ ಮಾರುವ ಅಂಗಡಿಯಲ್ಲಿ ಕೇಳಿದರೆ ಸಾಮಾನ್ಯವಾಗಿ ಕೊಡುತ್ತಾರೆ. ಥರ್ಮಾಕೋಲ್ ಕೂಡ ಅಲ್ಲೇ ಬಿದ್ದಿರುತ್ತದೆ.

ಗುಳ್ಳೆ ಪ್ಲಾಸ್ಟಿಕ್, ಅಂದರೆ ಬಬಲ್ ರ‍್ಯಾಪ್ ತಂದರೆ ಒಳ್ಳೆಯದೇ. ಆದರೆ ಅದನ್ನು ನೇರವಾಗಿ ಪರದೆಗೆ ತಾಗಿಸಬೇಡಿ. ಬಿಗಿಯಾಗಿ ಸುತ್ತಿದಾಗ ಪ್ರತಿ ಗುಳ್ಳೆಯೂ ಒಂದೊಂದು ಬೆರಳಿನ ಹಾಗೆ ಪರದೆಯನ್ನು ಒತ್ತುತ್ತದೆ. ಮೊದಲು ಬಟ್ಟೆ, ಅದರ ಮೇಲೆ ಗುಳ್ಳೆ. ನ್ಯೂಸ್ ಪೇಪರ್ ಪರದೆ ಹತ್ತಿರ ಬೇಡವೇ ಬೇಡ, ಶಾಯಿ ಹತ್ತುತ್ತದೆ.

ಹಂತ 3: ಆಫ್ ಮಾಡುವ ಮೊದಲು ಫೋಟೋ, ವಿಡಿಯೋ

ಟಿವಿ ಆನ್ ಇರುವಾಗಲೇ ಪರದೆ ಮೇಲೆ ಒಂದು ಬಿಳಿ ಚಿತ್ರ ತೆರೆದು ಅರ್ಧ ನಿಮಿಷ ವಿಡಿಯೋ ಮಾಡಿಕೊಳ್ಳಿ. ಕಲೆ, ಗೆರೆ ಮೊದಲೇ ಇತ್ತೋ ದಾರಿಯಲ್ಲಿ ಬಂತೋ ಅನ್ನುವುದಕ್ಕೆ ಇದೇ ಸಾಕ್ಷಿ. ಗಾಡಿ ಬಾಡಿಗೆಗೆ ತರಿಸಿದ್ದರೆ ಇದು ತುಂಬಾ ಉಪಯೋಗಕ್ಕೆ ಬರುತ್ತದೆ.

ಆಮೇಲೆ ಆಫ್ ಮಾಡಿ, ಪ್ಲಗ್ ಕೀಳಿ, ಅರ್ಧ ಗಂಟೆ ಬಿಡಿ. ಬಿಸಿ ಆರಬೇಕು. ಆ ಹೊತ್ತಿನಲ್ಲಿ ಹಿಂದಿನ ತಂತಿಗಳ ಫೋಟೋ ತೆಗೆಯಿರಿ. ಗೋಡೆಗೆ ಅಂಟಿಕೊಂಡಿರುವ ಟಿವಿ ಹಿಂದೆ ತಲೆ ಹೋಗುವುದಿಲ್ಲ ಅಲ್ವಾ? ಫೋನ್ ಹೋಗುತ್ತದೆ. ಟಾರ್ಚ್ ಹಾಕಿ, ವಿಡಿಯೋ ಆನ್ ಮಾಡಿ, ಫೋನನ್ನು ಪಕ್ಕದಿಂದ ಮತ್ತು ಕೆಳಗಿನಿಂದ ತೂರಿಸಿ ನಿಧಾನಕ್ಕೆ ಸರಿಸಿ. ಎಚ್‌ಡಿಎಂಐ, ಅಂದರೆ ಸೆಟ್ ಟಾಪ್ ಬಾಕ್ಸಿನಿಂದ ಚಿತ್ರವನ್ನೂ ಧ್ವನಿಯನ್ನೂ ತರುವ ಚಪ್ಪಟೆ ಮೂತಿಯ ತಂತಿ, ಯಾವ ತೂತಿಗೆ ಹೋಗಿದೆ ಅಂತ ಕಾಣುತ್ತದೆ. ಟಿವಿಯನ್ನು ಗೋಡೆಗೆ ಹಿಡಿದಿಟ್ಟಿರುವ ಬ್ರಾಕೆಟ್ ಯಾವ ನಮೂನೆ ಅನ್ನುವುದೂ ಇದೇ ವಿಡಿಯೋದಲ್ಲಿ ಸಿಗುತ್ತದೆ. ಮುಂದೆ ಅದು ಬೇಕು.

ತಂತಿಗಳನ್ನೆಲ್ಲ ಬಿಚ್ಚಿ. ಪ್ರತಿಯೊಂದಕ್ಕೂ ಒಂದು ತುಂಡು ಟೇಪು ಅಂಟಿಸಿ ಹೆಸರು ಬರೆಯಿರಿ. ಒಂದೇ ಒಂದು ತಂತಿ ಮರೆತರೂ ಎತ್ತುವಾಗ ಅದು ಜಗ್ಗುತ್ತದೆ, ನೀವು ಬೆಚ್ಚಿ ಹಿಡಿತ ಬಿಗಿ ಮಾಡುತ್ತೀರಿ. ಹಾಗಾಗಿ ಇನ್ನೊಮ್ಮೆ ಕೈ ಆಡಿಸಿ ನೋಡಿ.

ಹಂತ 4: ಗೋಡೆಯಿಂದ ಇಳಿಸುವುದು

ಇಡೀ ಕೆಲಸದಲ್ಲಿ ಅಪಾಯ ಇರುವುದು ಇಲ್ಲೇ. ಸಮಯ ತೆಗೆದುಕೊಳ್ಳಿ.

ಉಂಗುರ, ಬಳೆ, ವಾಚು, ಬೆಲ್ಟು ತೆಗೆದಿಡಿ. ಕುತ್ತಿಗೆಯಲ್ಲಿ ಸರ ಇದ್ದರೆ ಬಟ್ಟೆ ಒಳಗೆ ಹಾಕಿಕೊಳ್ಳಿ. ಫ್ಯಾನ್ ಆಫ್ ಮಾಡಿ. ಕಾಲಡಿಯ ಮ್ಯಾಟು ತೆಗೆಯಿರಿ. ಮಕ್ಕಳು, ನಾಯಿ, ಬೆಕ್ಕು ಬೇರೆ ರೂಮಿನಲ್ಲಿರಲಿ. ಫೋನ್ ಸೈಲೆಂಟ್‌ಗೆ ಹಾಕಿ.

ಈಗ ಕೂರುವ ಜಾಗ ಮಾಡಬೇಕು. ಟಿವಿಯ ಕೆಳ ಅಂಚಿಗಿಂತ ನಾಲ್ಕು ಬೆರಳು ಕೆಳಗೆ ಬರುವಂತೆ, ಗೋಡೆಗೆ ತಾಗಿಸಿ, ಒಂದು ಗಟ್ಟಿ ಮೇಜು ಇಡಿ. ಅದು ಟಿವಿಗಿಂತ ಅಗಲ ಇರಬೇಕು. ಕೆಳಗೆ ಟಿವಿ ಯೂನಿಟ್ ಇದ್ದರೆ ಅದನ್ನೇ ಖಾಲಿ ಮಾಡಿ ಬಳಸಿ. ಎತ್ತರ ಸಾಲದಿದ್ದರೆ ದಪ್ಪ ಪುಸ್ತಕಗಳನ್ನು ಸಮವಾಗಿ ಜೋಡಿಸಿ, ಮೇಲೆ ಒಂದು ಹಲಗೆ ಇಟ್ಟು ಮಡಚಿದ ರಗ್ಗು ಹಾಸಿ. ಹಾಸಿಗೆ, ಸೋಫಾ ಮೇಲೆ ಇಳಿಸೋಣ ಅಂತ ತುಂಬಾ ಜನ ಹೊರಡುತ್ತಾರೆ. ಮೆತ್ತಗಿದೆ, ನಿಜ. ಆದರೆ ಒಂದು ಮೂಲೆ ಹುದುಗಿ ಟಿವಿ ವಾಲುತ್ತದೆ. ಕೆಳಗೆ ಗಟ್ಟಿ, ಮೇಲೆ ತೆಳು ಮೆತ್ತೆ, ಇದು ಸರಿ. ಗಾಲಿ ಇರುವ ಯಾವುದೂ ಬೇಡ.

ಮೇಜನ್ನು ಕೈಯಿಂದ ಒತ್ತಿ ಅಲ್ಲಾಡಿಸಿ ನೋಡಿ. ಅಲ್ಲಾಡದಿದ್ದರೆ ಮುಂದೆ.

ಬ್ರಾಕೆಟ್ ಅಂದರೆ ಗೋಡೆಗೆ ಬೋಲ್ಟ್ ಹೊಡೆದ ಕಬ್ಬಿಣದ ಚೌಕಟ್ಟು. ಟಿವಿ ಬೆನ್ನಿಗೆ ಎರಡು ಉದ್ದನೆಯ ಪಟ್ಟಿ ಇರುತ್ತವೆ. ಅವುಗಳ ಮೇಲ್ತುದಿಯ ಕೊಕ್ಕೆ ಗೋಡೆಯ ಚೌಕಟ್ಟಿನ ಮೇಲೆ ಕೂತಿರುತ್ತದೆ. ಜಾರದಂತೆ ಕೆಳಗೆ ಒಂದು ಲಾಕ್ ಇರುತ್ತದೆ. ಆ ಲಾಕ್ ಮೂರು ಬಗೆಯಲ್ಲಿ ಕಾಣಬಹುದು. ಕೆಳಗಿನಿಂದ ಬಿಚ್ಚುವ ಸ್ಕ್ರೂ, ಎಳೆದರೆ ಬಿಡುವ ಎರಡು ದಾರ, ಇಲ್ಲವೇ ಸ್ಪ್ರಿಂಗ್ ಕ್ಲಿಪ್ಪು. ನಿಮ್ಮ ವಿಡಿಯೋ ನೋಡಿ, ಯಾವುದು ಅಂತ ಗೊತ್ತು ಮಾಡಿಕೊಳ್ಳಿ. ಸ್ಕ್ರೂ ಆದರೆ ಎರಡನ್ನೂ ಪೂರ್ತಿ ಬಿಚ್ಚಿ. ಒಂದು ಬಿಚ್ಚಿ ಇನ್ನೊಂದನ್ನು ಮರೆತು ಎಳೆದಾಡುವುದೇ ಜನ ಮಾಡುವ ದೊಡ್ಡ ತಪ್ಪು. ಟಿವಿ ಒಂದು ಕಡೆ ಎದ್ದು ಇನ್ನೊಂದು ಕಡೆ ಸಿಕ್ಕಿಕೊಂಡು ತಿರುಚುತ್ತದೆ. ತಿರುಚಿದರೆ ಗಾಜು ಕಟ್.

ಗೋಡೆಯಿಂದ ಆಚೆಗೆ ಚಾಚುವ ತೋಳಿನ ಬ್ರಾಕೆಟ್ ಆಗಿದ್ದರೆ ತೋಳನ್ನು ಮೊದಲು ಪೂರ್ತಿ ಒಳಗೆ ಮಡಚಿಕೊಳ್ಳಿ. ಆಡುವ ತೋಳಿನ ಮೇಲಿಂದ ಒಬ್ಬರೇ ಟಿವಿ ಬಿಡಿಸಲು ಹೋಗಬೇಡಿ.

ಲಾಕ್ ಬಿಟ್ಟ ಮೇಲೆ ಕ್ರಮ ಹೀಗೆ:

1. ಟಿವಿ ಎದುರು, ಕಾಲು ಸ್ವಲ್ಪ ಅಗಲಿಸಿ ನಿಲ್ಲಿ. ಎರಡೂ ಕೈಯಲ್ಲಿ ಕೆಳಗಿನ ಎರಡು ಮೂಲೆಗಳನ್ನು ಹಿಡಿಯಿರಿ. ಬೆರಳುಗಳು ಮೂಲೆಯ ಅಡಿಗೆ, ಅಂಗೈ ಪಕ್ಕಕ್ಕೆ. ಹೆಬ್ಬೆರಳು ಚೌಕಟ್ಟಿನ ಹೊರ ಅಂಚಿನ ಮೇಲೆ ಮಲಗಿರಲಿ. ಪರದೆ ಮೇಲೆ ಬರಬಾರದು.

2. ಕೆಳ ಅಂಚನ್ನು ನಿಮ್ಮ ಕಡೆಗೆ ಮೂರ್ನಾಲ್ಕು ಬೆರಳಿನಷ್ಟು ಎಳೆದುಕೊಳ್ಳಿ. ಈಗ ಟಿವಿಯ ತಲೆ ಗೋಡೆ ಕಡೆ ವಾಲಿರುತ್ತದೆ. ಈ ವಾಲು ಕೊನೆವರೆಗೂ ಇರಲಿ. ಇದಿದ್ದರೆ ಕೊಕ್ಕೆ ಬಿಟ್ಟಾಗ ಟಿವಿ ನಿಮ್ಮ ಮುಖದ ಮೇಲೆ ಬರುವುದಿಲ್ಲ.

3. ಎರಡೂ ಕೈ ಒಟ್ಟಿಗೆ ಮೇಲಕ್ಕೆ. ಒಂದೆರಡು ಬೆರಳಿನಷ್ಟು ಎತ್ತಿದರೆ ಸಾಕು, ಕೊಕ್ಕೆ ಬಿಡುತ್ತದೆ. ಬಿಡಲಿಲ್ಲವೇ? ಜೋರು ಮಾಡಬೇಡಿ. ಮತ್ತೆ ಕೂರಿಸಿ, ಲಾಕ್ ಇನ್ನೊಮ್ಮೆ ನೋಡಿ.

4. ಕೊಕ್ಕೆ ಬಿಟ್ಟ ಕೂಡಲೇ ಸ್ವಲ್ಪ ನಿಮ್ಮ ಕಡೆ ತಂದು, ನೇರ ಕೆಳಗೆ ರಗ್ಗಿನ ಮೇಲೆ ಕೂರಿಸಿ. ಎಲ್ಲವೂ ಒಂದೇ ಉಸಿರಿನ ಕೆಲಸ. ಭಾರ ನಿಮ್ಮ ಕೈಯಲ್ಲಿರುವುದು ಮೂರು ನಾಲ್ಕು ಸೆಕೆಂಡ್ ಅಷ್ಟೇ.

ಕೂತ ಮೇಲೆ ಒಂದು ಕೈ ತಲೆ ಮೇಲೆ ಇಟ್ಟೇ ಇರಿ. ಗೋಡೆಗೆ ಒರಗಿಸಿ ನೀರು ಕುಡಿಯಲು ಹೋಗಬೇಡಿ. ನಯವಾದ ಮೇಜಿನ ಮೇಲೆ ಕೆಳ ಅಂಚು ಜಾರುತ್ತದೆ.

ಗೋಡೆ ಗೂಡಿನ ಶೋಕೇಸಿನಲ್ಲಿ ಟಿವಿ ಇಟ್ಟಿದ್ದರೆ ನಿಮ್ಮ ಕಷ್ಟ ಬೇರೆ. ಅಲ್ಲಿ ಪಕ್ಕಕ್ಕೆ ಕೈ ಹೋಗುವಷ್ಟು ಜಾಗವೇ ಇರುವುದಿಲ್ಲ. ಮೊದಲು ಸುತ್ತಲಿನ ಚನ್ನಪಟ್ಟಣದ ಬೊಂಬೆ, ಮಕ್ಕಳ ಕಪ್ಪು, ಫೋಟೋ ಎಲ್ಲ ತೆಗೆದುಬಿಡಿ. ಟಿವಿಯ ಒಂದು ಕಾಲನ್ನು ಕೂದಲೆಳೆಯಷ್ಟು ಎತ್ತಿ ಅಡಿಗೆ ಮಡಚಿದ ಬಟ್ಟೆ ತೂರಿಸಿ, ಇನ್ನೊಂದು ಕಾಲಿಗೂ ಹಾಗೇ ಮಾಡಿ. ಆಮೇಲೆ ಬಟ್ಟೆ ಹಿಡಿದು ಎಳೆದರೆ ಟಿವಿ ತಾನಾಗಿ ಮುಂದೆ ಜಾರಿ ಬರುತ್ತದೆ. ಒಂದು ಕೈ ಟಿವಿಯ ಬೆನ್ನಿನ ಮೇಲಿರಲಿ. ಮುಂದೆ ಅದೇ ಎತ್ತರದ ಮೇಜು ಇಟ್ಟಿದ್ದರೆ ಎತ್ತುವ ಪ್ರಮೇಯವೇ ಇಲ್ಲ.

ಹಂತ 5: ಪ್ಯಾಕ್ ಮಾಡುವುದು

ಬೆನ್ನಿನ ಎರಡು ಪಟ್ಟಿಗಳನ್ನು ಬಿಚ್ಚಿ. ಇವುಗಳ ಸ್ಕ್ರೂ ತೂತುಗಳ ನಡುವಿನ ಅಂತರಕ್ಕೆ 'ವೆಸಾ' ಅಳತೆ ಅಂತಾರೆ. 200 ಗುಣಿಸು 200 ಅಂದರೆ ಅಡ್ಡಕ್ಕೂ ಉದ್ದಕ್ಕೂ 200 ಮಿಲಿಮೀಟರ್. ಹೊಸ ಮನೆಗೆ ಬೇರೆ ಬ್ರಾಕೆಟ್ ಕೊಳ್ಳುವುದಿದ್ದರೆ ಈ ಅಳತೆ ಬರೆದಿಟ್ಟುಕೊಳ್ಳಿ. ಸ್ಕ್ರೂಗಳನ್ನು ಜಿಪ್ ಕವರಿಗೆ ಹಾಕಿ, ಕವರನ್ನು ರಿಮೋಟಿನ ಜೊತೆ ಇಡಿ. ಟಿವಿ ಬೆನ್ನಿಗೆ ಅಂಟಿಸಬೇಡಿ. ಒಳಗೆ ಸರಿದಾಡಿ ಪರದೆ ಕಡೆ ಬಂದರೆ ಕಥೆ ಮುಗಿಯಿತು. ಸ್ಟ್ಯಾಂಡಿನ ಕಾಲುಗಳನ್ನೂ ಬಿಚ್ಚಿ ಬೇರೆ ಸುತ್ತಿ. ರಿಮೋಟಿನ ಸೆಲ್ ತೆಗೆದಿಡಿ.

ಹಳೇ ಡಬ್ಬ ಸಿಕ್ಕಿದ್ದರೆ ಟಿವಿಯನ್ನು ಮೇಲಿಂದ ಒಳಗೆ ಇಳಿಸಲು ಹೋಗಬೇಡಿ, ಒಬ್ಬರಿಗೆ ಅದು ಆಗುವ ಕೆಲಸವಲ್ಲ. ಕೆಳಗಿನ ಥರ್ಮಾಕೋಲ್ ಮೇಲೆ ಟಿವಿ ನಿಲ್ಲಿಸಿ, ಮೇಲಿನ ಥರ್ಮಾಕೋಲ್ ಹಾಕಿ. ಡಬ್ಬದ ತಳ ಬಿಚ್ಚಿ ಇಡೀ ಡಬ್ಬವನ್ನು ಟೋಪಿ ಹಾಕಿದ ಹಾಗೆ ಮೇಲಿಂದ ಇಳಿಸಿ. ಆಮೇಲೆ ಟಿವಿ ನಿಂತಂತೆಯೇ ಇರುವಾಗ ತಳಕ್ಕೆ ಟೇಪು ಸುತ್ತಿ. ದೊಡ್ಡ ಟಿವಿಗಳನ್ನು ಕಂಪನಿಯವರೂ ಎಷ್ಟೋ ಸಲ ಹೀಗೇ ಪ್ಯಾಕ್ ಮಾಡಿರುತ್ತಾರೆ.

ಡಬ್ಬ ಇಲ್ಲದಿದ್ದರೆ ಮೊದಲು ಬೆಡ್‌ಶೀಟು. ಇಸ್ತ್ರಿ ಹಾಕಿದ ಹಾಗೆ ಮಡಿಕೆ ಇಲ್ಲದೆ ಪರದೆ ಮೇಲೆ ಬರಲಿ. ಗುಂಡಿ, ಜರಿ, ಕಸೂತಿ ಇರುವ ಬಟ್ಟೆ ಬೇಡ. ನಾಲ್ಕೂ ಮೂಲೆಗೆ ಥರ್ಮಾಕೋಲ್ ತುಂಡನ್ನು ಟೋಪಿಯಂತೆ ಕೊರೆದು ಹಾಕಿ. ಈ ಟೋಪಿಗಳ ಕೆಲಸ ಮೂಲೆ ಕಾಯುವುದು ಮಾತ್ರ ಅಲ್ಲ. ರಟ್ಟು ಪರದೆಗೆ ತಾಗದಂತೆ ನಡುವೆ ಎರಡು ಬೆರಳು ಖಾಲಿ ಜಾಗ ಬಿಡುವುದು. ಆ ಖಾಲಿ ಜಾಗವೇ ನಿಜವಾದ ರಕ್ಷಣೆ. ಅದರಲ್ಲಿ ದಿಂಬು ತುರುಕಬೇಡಿ. ಆಮೇಲೆ ಮುಂದೆ ಒಂದು, ಹಿಂದೆ ಒಂದು ರಟ್ಟು ನಿಲ್ಲಿಸಿ, ಅಂಚಿನ ಸುತ್ತ ಟೇಪು ಹಾಕಿ. ಟೇಪು ಟಿವಿಗೆ ಎಲ್ಲೂ ಅಂಟಬಾರದು. ಪರದೆ ಇರುವ ಕಡೆ ಮಾರ್ಕರಿನಲ್ಲಿ ದೊಡ್ಡದಾಗಿ 'ಪರದೆ ಈ ಕಡೆ' ಅಂತ ಬರೆಯಿರಿ. ಮೇಲೆ ಒಂದು ಬಾಣದ ಗುರುತು ಹಾಕಿ. ಒಮ್ಮೆ ಸುತ್ತಿದ ಮೇಲೆ ಯಾವ ಕಡೆ ಯಾವುದು ಅನ್ನುವುದು ನಿಮಗೇ ಮರೆತುಹೋಗುತ್ತದೆ.

ಹಂತ 6: ಮನೆಯೊಳಗೆ, ಮೆಟ್ಟಿಲು, ಲಿಫ್ಟು

ಟೈಲ್ಸ್, ಗ್ರಾನೈಟ್ ಇಲ್ಲವೇ ಹಳೇ ರೆಡ್ ಆಕ್ಸೈಡ್ ನೆಲ ಇದ್ದರೆ ನಿಮ್ಮ ಅದೃಷ್ಟ. ರಗ್ಗನ್ನು ಉದ್ದಕ್ಕೆ ಮಡಚಿ ನೆಲಕ್ಕೆ ಹಾಸಿ, ಪ್ಯಾಕ್ ಮಾಡಿದ ಟಿವಿಯನ್ನು ಅದರ ಮೇಲೆ ನಿಲ್ಲಿಸಿ. ಒಂದು ಕೈಯಲ್ಲಿ ರಗ್ಗಿನ ತುದಿ, ಇನ್ನೊಂದು ಕೈ ಡಬ್ಬದ ತಲೆ ಮೇಲೆ. ಹಿಂದೆ ಹಿಂದೆ ಹೆಜ್ಜೆ ಹಾಕಿ ಎಳೆಯಿರಿ. 55 ಇಂಚಿನ ಟಿವಿ ಕೂಡ ಬಾಗಿಲವರೆಗೆ ಸಲೀಸಾಗಿ ಬರುತ್ತದೆ.

ಬಾಗಿಲಲ್ಲಿ ನಮ್ಮ ಹೊಸ್ತಿಲು ಕಾಯುತ್ತಿರುತ್ತದೆ. ಎಳೆಯುವ ಭರದಲ್ಲಿ ಡಬ್ಬ ಹೊಸ್ತಿಲಿಗೆ ಢಿಕ್ಕಿ ಹೊಡೆದರೆ ಆ ಪೆಟ್ಟು ನೇರ ಗಾಜಿನ ಕೆಳ ಅಂಚಿಗೆ. ಅದಕ್ಕೇ ಮೊದಲೇ ಹೊಸ್ತಿಲಿನ ಎರಡೂ ಬದಿಗೆ ಮಡಚಿದ ಕಂಬಳಿಯನ್ನೋ ರಟ್ಟನ್ನೋ ಇಟ್ಟು ಇಳಿಜಾರು ಮಾಡಿಕೊಳ್ಳಿ. ಅಲ್ಲಿ ಎಳೆಯಬೇಡಿ. ಮುಂದಿನ ತುದಿಯನ್ನು ಸ್ವಲ್ಪ ಎತ್ತಿ ಹೊಸ್ತಿಲ ಮೇಲೆ ಕೂರಿಸಿ, ಹಿಂದೆ ಹೋಗಿ ಹಿಂದಿನ ತುದಿ ಎತ್ತಿ ದಾಟಿಸಿ. ಹೊಸ್ತಿಲಿನ ಅರಿಶಿನ ಕುಂಕುಮ ರಗ್ಗಿಗೆ ಹತ್ತಿದರೆ ಹತ್ತಲಿ ಬಿಡಿ.

ಎತ್ತಿ ನಡೆಯಲೇಬೇಕಾದ ಕಡೆ, ಪರದೆ ನಿಮ್ಮಿಂದ ಆಚೆ ಮುಖ ಮಾಡಿರಲಿ, ಬೆನ್ನು ನಿಮ್ಮ ಎದೆ ಕಡೆ. ಅಂಗಿಯ ಗುಂಡಿ, ಪ್ಯಾಂಟಿನ ಬಕಲ್ ಪರದೆ ಗೀಚಬಾರದು. ಒಂದು ಕೈ ಕೆಳಗೆ, ಇನ್ನೊಂದು ಪಕ್ಕಕ್ಕೆ ಅಥವಾ ಮೇಲಕ್ಕೆ. ಹತ್ತು ಹೆಜ್ಜೆಗೊಮ್ಮೆ ಕೂರಿಸಲು ದಾರಿಯಲ್ಲಿ ಮೊದಲೇ ದಿಂಬೋ ಮಡಚಿದ ಬಟ್ಟೆಯೋ ಇಟ್ಟುಬನ್ನಿ.

ಮೆಟ್ಟಿಲಲ್ಲಿ 32 ಇಂಚಿನದನ್ನು ಮಾತ್ರ ಒಬ್ಬರೇ ಇಳಿಸಿ. ಮೆಟ್ಟಿಲು ಅಗಲ ಇದ್ದು, ಡಬ್ಬದ ಮೇಲಿಂದ ನಿಮ್ಮ ಪಾದ ಕಾಣುತ್ತಿದ್ದರೆ 43 ಇಂಚಿನದೂ ಆದೀತು. ಪಾದ ಕಾಣದಿದ್ದರೆ ಇಳಿಯಬೇಡಿ. ಹವಾಯಿ ಚಪ್ಪಲಿ ಬೇಡ, ಶೂ ಹಾಕಿಕೊಳ್ಳಿ. ತಿರುವಿನ ಕಟ್ಟೆಯಲ್ಲಿ ಕೂರಿಸಿ ಉಸಿರು ತೆಗೆದುಕೊಳ್ಳಿ.

ಲಿಫ್ಟ್ ಇದ್ದರೆ ಮೊದಲು ಒಳಗಿನ ಅಳತೆ ತೆಗೆಯಿರಿ. ನೇರಕ್ಕೆ ಹಿಡಿಸದಿದ್ದರೂ ಮೂಲೆಯಿಂದ ಮೂಲೆಗೆ ಹಿಡಿಸಬಹುದು. ತಾನಾಗಿ ಮುಚ್ಚುವ ಬಾಗಿಲೇ ಅಲ್ಲಿ ಶತ್ರು. ಟಿವಿ ಅರ್ಧ ಒಳಗೆ ಅರ್ಧ ಹೊರಗೆ ಇರುವಾಗ ಬಾಗಿಲು ಬಂದು ಒತ್ತುತ್ತದೆ. ಬಟನ್ ಒತ್ತಿ ಹಿಡಿಯಲು ನಿಮಗೆ ಮೂರನೇ ಕೈ ಇಲ್ಲ. ಈ ಅರ್ಧ ನಿಮಿಷಕ್ಕೆ ಯಾರನ್ನಾದರೂ ಕರೆಯಿರಿ. ಅವರು ಟಿವಿ ಮುಟ್ಟಬೇಕಿಲ್ಲ, ಬಾಗಿಲು ಹಿಡಿದರೆ ಸಾಕು.

ಹಂತ 7: ಗಾಡಿಯಲ್ಲಿ

ಸ್ಕೂಟರ್ ಮೇಲೆ, ಹಿಂದೆ ಕೂತವರ ಕೈಯಲ್ಲಿ ಟಿವಿ ಹಿಡಿಸಿಕೊಂಡು ಹೋಗುವುದನ್ನು ದಿನಾ ನೋಡುತ್ತೇವೆ. ಗಾಳಿ ಬೀಸಿದರೆ ಅದು ಹಾಯಿ. ಟಿವಿ ಬಿಡಿ, ನೀವೂ ಉಳಿಯುವುದಿಲ್ಲ.

32 ಇಂಚಿನದನ್ನು ಆಟೋದಲ್ಲಿ ಒಯ್ಯಬಹುದು. ಸೀಟಿನ ಮೇಲೆ ನಿಲ್ಲಿಸಿ, ಪರದೆ ಸೀಟಿನ ಬೆನ್ನಿನ ಕಡೆ ಇರಲಿ, ನೀವು ಪಕ್ಕದಲ್ಲಿ ಕೂತು ಹಿಡಿದುಕೊಳ್ಳಿ. 43 ಇಂಚಿನದಕ್ಕೆ ಆಟೋ ಬೇಡ. ಕಾರಿನಲ್ಲಾದರೆ ಹಿಂದಿನ ಸೀಟು. ಬಾಗಿಲು ಮೊದಲು ಅಳೆಯಿರಿ. ಒಳಗೆ ಹಿಡಿಸುವ ಟಿವಿ ಬಾಗಿಲಲ್ಲಿ ಹಿಡಿಸದೇ ಹೋಗುವುದು ಮಾಮೂಲಿ. ಪರದೆಯನ್ನು ಸೀಟಿನ ಬೆನ್ನಿಗೆ ಮುಖ ಮಾಡಿ ನಿಲ್ಲಿಸಿ, ಬೆಲ್ಟ್ ಹಾಕಿ. ಮುಂದಿನ ಸೀಟನ್ನು ಹಿಂದಕ್ಕೆ ಸರಿಸಿ ಟಿವಿಯನ್ನು ಅಮುಕಿ ಹಿಡಿಸಬೇಡಿ. ಮುಂದಿನ ಸೀಟಿಗೂ ಡಬ್ಬಕ್ಕೂ ನಡುವೆ ದಿಂಬು ಇಟ್ಟರೆ ಸಾಕು. ಡಿಕ್ಕಿಯಲ್ಲಿ ಮಲಗಿಸಿ ಮೇಲೆ ಬ್ಯಾಗ್ ಇಡುವವರಿಗೆ ನಾನೇನೂ ಹೇಳಲಾರೆ.

ಟಾಟಾ ಏಸ್ ಥರದ ಗೂಡ್ಸ್ ಗಾಡಿ ಆದರೆ ಹಾಸಿಗೆ ಹತ್ತಿಸಿದ ಮೇಲೆ ಟಿವಿ ಹತ್ತಿಸಿ. ಕ್ಯಾಬಿನ್ನಿನ ಹಿಂದೆ ಹಾಸಿಗೆಯನ್ನು ನಿಲ್ಲಿಸಿ, ಅದಕ್ಕೆ ಪರದೆ ಮುಖ ಮಾಡಿ ಟಿವಿ. ಇನ್ನೊಂದು ಬದಿಗೆ ಬೀರುವಿನ ಚಪ್ಪಟೆ ಪಕ್ಕ. ಪಾತ್ರೆ ಮೂಟೆ, ಕುರ್ಚಿ ಕಾಲು, ಮಿಕ್ಸಿ ಯಾವುದೂ ಅದರ ಹತ್ತಿರ ಬೇಡ. ಹಗ್ಗ ಕಟ್ಟುವುದಿದ್ದರೆ ಪರದೆಯ ನಡುವೆ ಹಾದು ಹೋಗದಂತೆ, ಥರ್ಮಾಕೋಲ್ ಇರುವ ಅಂಚಿನ ಹತ್ತಿರವೇ ಕಟ್ಟಿ. ಡ್ರೈವರ್ ಬಿಗಿಯಾಗಿ ಎಳೆದು ಗಂಟು ಹಾಕುತ್ತಾರೆ. ಅದು ಅವರ ಅಭ್ಯಾಸ. ಟಿವಿ ಹಗ್ಗ ಮಾತ್ರ ನೀವೇ ಕಟ್ಟಿ. "ಅಣ್ಣಾ, ಹಂಪ್ ನೋಡ್ಕೊಂಡು" ಅಂತ ಹೊರಡುವಾಗ ಒಮ್ಮೆ ಹೇಳಿ. ಮಳೆಗಾಲವಾದರೆ ಟಾರ್ಪಾಲು ಇದೆಯೇ ಅಂತ ಗಾಡಿ ಬರುವ ಮೊದಲೇ ಕೇಳಿ.

ಹಂತ 8: ಹೊಸ ಮನೆಯಲ್ಲಿ

ಇಳಿಸಿದ ಕೂಡಲೇ ಆನ್ ಮಾಡುವ ಆಸೆ ತಡೆದುಕೊಳ್ಳಿ. ಮಡಿಕೇರಿಯ ಚಳಿಯಿಂದ ಮಂಗಳೂರಿನ ಸೆಕೆಗೆ ಬಂದಿದ್ದೀರಿ ಅಂದುಕೊಳ್ಳಿ. ತಣ್ಣಗಿರುವ ಟಿವಿಗೆ ಬಿಸಿ ತೇವದ ಗಾಳಿ ತಾಗಿದರೆ, ಫ್ರಿಜ್ಜಿನಿಂದ ತೆಗೆದ ಚೊಂಬಿನ ಮೇಲೆ ನೀರು ಮೂಡಿದಂತೆ ಒಳಗೂ ಮೂಡುತ್ತದೆ. ಸುತ್ತಿದ್ದು ಬಿಚ್ಚದೆ ಎರಡು ಗಂಟೆ ಬಿಡಿ. ಬಿಚ್ಚಿ ಇನ್ನೊಂದು ಗಂಟೆ ಬಿಡಿ. ಒಂದೇ ಊರಿನೊಳಗೆ, ಒಣ ಹವೆಯಲ್ಲಿ ಬಂದಿದ್ದರೆ ಇಷ್ಟು ಕಾಯಬೇಕಿಲ್ಲ.

ಸುತ್ತಿದ ಟೇಪನ್ನು ಬ್ಲೇಡು, ಚಾಕುವಿನಿಂದ ಕೊಯ್ಯಬೇಡಿ. ಕೈಯಲ್ಲೇ ಕೀಳಿ.

ಮೊದಲು ಸ್ಟ್ಯಾಂಡಿನ ಕಾಲು ಹಾಕಿ ಮೇಜಿನ ಮೇಲೇ ನೋಡಿ. ಗೋಡೆಗೆ ಏರಿಸುವುದು ಇಳಿಸುವುದಕ್ಕಿಂತ ಕಷ್ಟ. ಕೊಕ್ಕೆ ಎಲ್ಲಿ ಕೂರುತ್ತಿದೆ ಅಂತ ಕಾಣುವುದಿಲ್ಲ, ಭಾರ ಕೈಯಲ್ಲೇ ಇರುತ್ತದೆ. ಅದನ್ನು ಒಬ್ಬರೇ ಮಾಡಿ ಅಂತ ನಾನು ಯಾರಿಗೂ ಹೇಳುವುದಿಲ್ಲ. ಡ್ರಿಲ್ ಮಾಡಲು ಬರುವವರ ಕೈಯಲ್ಲೇ ಏರಿಸಿಕೊಳ್ಳಿ. ಹಳೇ ಮನೆಯ ಗೋಡೆ ತೂತಿಗೆ ಒಂದಿಷ್ಟು ವೈಟ್ ಸಿಮೆಂಟ್ ತುಂಬಿ ಬಂದಿದ್ದೀರಿ ತಾನೇ? ಅಡ್ವಾನ್ಸ್ ವಾಪಸ್ ಕೊಡುವಾಗ ಓನರ್ ಕಣ್ಣು ಮೊದಲು ಬೀಳುವುದು ಅಲ್ಲಿಗೇ.

ಆನ್ ಮಾಡಿದ ಮೇಲೆ ಮತ್ತೆ ಅದೇ ಬಿಳಿ ಚಿತ್ರ ಹಾಕಿ, ಹಳೇ ವಿಡಿಯೋ ಪಕ್ಕದಲ್ಲಿಟ್ಟು ನೋಡಿ. ಶಾಯಿ ಚೆಲ್ಲಿದ ಹಾಗೆ ಕಪ್ಪು ಕಲೆ, ಜೇಡರ ಬಲೆಯಂಥ ಗೆರೆ ಕಂಡರೆ ಗಾಜು ಹೋಗಿದೆ. ಮೇಲಿಂದ ಕೆಳಗೆ ನೇರ ಗೆರೆ ಬಂದಿದ್ದರೆ ರಿಬ್ಬನ್ ತಂತಿಯ ಅಂಟು ಬಿಟ್ಟಿರಬಹುದು. ಅಲ್ಲಿ ತಟ್ಟಿ, ಒತ್ತಿ ಸರಿ ಮಾಡಲು ಹೋಗಬೇಡಿ, ಇನ್ನೂ ನಾಲ್ಕು ಗೆರೆ ಬರುತ್ತವೆ. ಗುಂಡಗೆ, ಚಂದ್ರನ ಹಾಗೆ ಬೆಳ್ಳಗಿನ ಚುಕ್ಕಿಗಳು ಕಂಡರೆ ಮಾತ್ರ ಗಾಬರಿ ಬೇಡ. ಬ್ಯಾಕ್‌ಲೈಟಿನ ದೀಪಗಳ ಮೇಲೆ ಬೆಳಕು ಹರಡಲು ಸಣ್ಣ ಪ್ಲಾಸ್ಟಿಕ್ ಲೆನ್ಸ್‌ಗಳನ್ನು ಅಂಟಿಸಿರುತ್ತಾರೆ. ವರ್ಷಗಟ್ಟಲೆ ಬಿಸಿಗೆ ಅಂಟು ಒಣಗಿ, ಗಾಡಿಯ ಕುಲುಕಾಟಕ್ಕೆ ಲೆನ್ಸ್ ಉದುರಿದರೆ ಹೀಗಾಗುತ್ತದೆ. ಪ್ಯಾನೆಲ್ ಬದಲಿಸಬೇಕಿಲ್ಲ, ಬಿಚ್ಚಿ ಲೆನ್ಸ್ ಮತ್ತೆ ಅಂಟಿಸಬಹುದು. ರಿಪೇರಿಯವರು ಬಂದು "ಪ್ಯಾನೆಲ್ಲೇ ಹೋಗಿದೆ ಸಾರ್" ಅಂದರೆ, ಲೆನ್ಸ್ ನೋಡಿದಿರಾ ಅಂತ ಒಮ್ಮೆ ಕೇಳಿ.